ಕುಪ್ಪಸ, ಕುಪ್ಪಾಯ, ಬಾಡಿ: ಒಂದು ಅಳತೆಯ ಚರಿತ್ರೆ

ಕನ್ನಡದಲ್ಲಿ ಕುಪ್ಪಸ, ಮಲಯಾಳದಲ್ಲಿ ಕುಪ್ಪಾಯ. ಗ್ರಂಥದ ಕನ್ನಡದಲ್ಲಿ ರವಿಕೆ, ನಮ್ಮ ಗಡಿನಾಡಿನ ಮನೆಮಾತಿನಲ್ಲಿ ರವಕೆ, ಮಲಯಾಳದಲ್ಲಿ ರೌಕ್ಕ. ಅದರ ಒಳಗೆ ತೊಡುವುದನ್ನು ನಮ್ಮ ಹಿಂದಿನ ತಲೆಮಾರಿನವರು ಬಾಡಿ ಎಂದು ಕರೆದರೆ ಮಲಯಾಳದವರು ಬೋಡೀಸ್ ಎಂದರು. ಎರಡೂ ಇಂಗ್ಲಿಷಿನಿಂದ ಬಂದ ಒಂದೇ ಮಾತಿನ ರೂಪಗಳು. ಇಂದಿನ ಹುಡುಗಿಯರು ಎರಡು ಭಾಷೆಯಲ್ಲೂ ಬ್ರಾ ಎನ್ನುತ್ತಾರೆ, ಅದನ್ನೂ ದನಿ ತಗ್ಗಿಸಿ.

ಮಾತುಗಳು ಇಷ್ಟು ಹತ್ತಿರದ ನೆಂಟರಾಗಿರುವಾಗ ಅವುಗಳ ಹಿಂದಿನ ಚರಿತ್ರೆಯೂ ಬೇರೆ ಬೇರೆಯಾಗಿರಲಾರದು. ಈ ಲೇಖನದಲ್ಲಿ ಕೇಳಹೊರಟಿರುವ ಪ್ರಶ್ನೆ ಒಂದೇ: ಹೆಂಗಸು ಎದೆಯ ಮೇಲೆ ತೊಡುವ ಬಟ್ಟೆಯ ಅಳತೆಯನ್ನು ಇದುವರೆಗೆ ತೆಗೆದವರು ಯಾರು? ಅಳತೆ ಎಂದರೆ ಇಲ್ಲಿ ಎರಡು ಅರ್ಥ. ಎಷ್ಟು ಮುಚ್ಚಬೇಕು, ಯಾರು ಮುಚ್ಚಬಹುದು ಎಂಬ ಊರಿನ ಅಳತೆ ಒಂದು. ಟೇಪು ಹಿಡಿದು ಇಂಚಿನಲ್ಲಿ ತೆಗೆಯುವ ಮೈಯ ಅಳತೆ ಇನ್ನೊಂದು. ಮೊದಲನೆಯದು ಮುಗಿಯದೆ ಎರಡನೆಯದು ಶುರುವಾಗಲಿಲ್ಲ.

ಗುಂಡರ್ಟರ ಮಲಯಾಳ ನಿಘಂಟು 1872ರಲ್ಲಿ, ಕಿಟ್ಟೆಲರ ಕನ್ನಡ ನಿಘಂಟು 1894ರಲ್ಲಿ ಮಂಗಳೂರಿನಲ್ಲಿಯೇ ಅಚ್ಚಾದವು. ಕುಪ್ಪಸ ಎಂಬುದನ್ನು ನಿಘಂಟುಕಾರರು ಸಂಸ್ಕೃತದ ಕೂರ್ಪಾಸಕ್ಕೆ ಜೋಡಿಸುತ್ತಾರೆ. ಕುಪ್ಪಾಯ ಅದೇ ಬಳಗದ್ದು. ಅಮರಕೋಶದಲ್ಲಿ ಕೂರ್ಪಾಸಕವೂ ಉಂಟು, ಚೋಲವೂ ಉಂಟು. ಆದ್ದರಿಂದ ಹೊಲಿದ ಮೇಲುಡುಪು ಮುಸಲ್ಮಾನ ಅರಸರ ಜೊತೆಗೋ ಇಂಗ್ಲಿಷರ ಜೊತೆಗೋ ಈ ನಾಡಿಗೆ ಬಂದಿತೆಂಬ ಮಾತು ನಿಲ್ಲುವುದಿಲ್ಲ. ಅಜಂತಾದ ಚಿತ್ರಗಳಲ್ಲಿ ಕೈತೋಳಿನ ಹೊಲಿದ ಚೋಲಿ ತೊಟ್ಟ ಹೆಂಗಸರಿದ್ದಾರೆ. ಅದೇ ಗೋಡೆಯ ಮೇಲೆ ಏನನ್ನೂ ತೊಡದ ರಾಣಿಯರೂ ಇದ್ದಾರೆ. 1117ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ದೇವಾಲಯದ ಮದನಿಕೆಯರಿಗೆ ಎದೆಯ ಮೇಲೆ ಹೆಚ್ಚಾಗಿ ಆಭರಣವೇ ಬಟ್ಟೆ. ಮಲಯಾಳದಲ್ಲಿ ಮುಲಕ್ಕಚ್ಚ ಎಂದು ಕರೆಯುವ, ಎದೆಗೆ ಸುತ್ತಿ ಬಿಗಿಯುವ ಪಟ್ಟಿಯೂ ಹಳೆಯದೇ. ಹೊಲಿದದ್ದು, ಕಟ್ಟಿದ್ದು, ಬರಿದೇ ಬಿಟ್ಟದ್ದು, ಮೂರೂ ಒಟ್ಟಿಗೇ ಇದ್ದವು. ಕರಾವಳಿಯ ಸೆಕೆಯಲ್ಲಿ ಗಂಡಸರಾಗಲಿ ಹೆಂಗಸರಾಗಲಿ ಮನೆಯಲ್ಲಿ ಮೈಮೇಲೆ ಬಟ್ಟೆ ಹೊದೆಯದಿರುವುದು ನಾಚಿಕೆಯ ಸಂಗತಿಯಾಗಿರಲಿಲ್ಲ ಎಂಬುದನ್ನು ಮರೆಯದೆ ಮುಂದಿನ ಕಥೆಯನ್ನು ಓದಬೇಕು.

ತೊಂದರೆ ಬರಿಮೈಯಲ್ಲಿರಲಿಲ್ಲ. ಮುಚ್ಚಬೇಕೆಂದು ಬಯಸಿದವಳನ್ನು ತಡೆಯುವ ಅಧಿಕಾರದಲ್ಲಿತ್ತು.

ತಿರುವಿದಾಂಕೂರಿನಲ್ಲಿ ಮೇಲ್ಮುಂಡು ಜಾತಿಯ ಗುರುತಾಗಿತ್ತು. ತನಗಿಂತ ಮೇಲಿನವರ ಎದುರಿಗೆ ಮೇಲುಬಟ್ಟೆಯನ್ನು ಸರಿಸುವುದು ಗೌರವದ ಲಕ್ಷಣ. ನಾಯರ್ ಹೆಂಗಸರಿಗೂ ನಂಬೂದಿರಿಗಳ ಮುಂದೆ ಈ ರೂಢಿ ಅನ್ವಯಿಸುತ್ತಿತ್ತು. ನಾಡಾರ್ ಅಥವಾ ಆ ಕಾಲದ ಕಾಗದಪತ್ರಗಳು ಹೇಳುವಂತೆ ಚಾನ್ನಾರ್ ಹೆಂಗಸರಿಗೆ ಮಾತ್ರ ಯಾವಾಗಲೂ ಮೇಲ್ಮುಂಡು ಇಲ್ಲ. ದಕ್ಷಿಣ ತಿರುವಿದಾಂಕೂರಿನ ನಾಗರಕೋವಿಲ್ ಕಡೆ ಲಂಡನ್ ಮಿಷನ್ನಿನವರ ಕೆಲಸ ಶುರುವಾಗಿ ನಾಡಾರರು ಕ್ರೈಸ್ತರಾದಾಗ ಅವರ ಹೆಂಗಸರು ಎದೆ ಮುಚ್ಚಿಕೊಳ್ಳತೊಡಗಿದರು. 1813ರ ಸುಮಾರಿಗೆ ದಿವಾನರಾಗಿದ್ದ ಕರ್ನಲ್ ಮನ್ರೋ ಅದಕ್ಕೆ ಅನುಮತಿ ಕೊಟ್ಟರು. ಮೇಲ್ಜಾತಿಯವರ ಆಕ್ಷೇಪ ಬಂದಾಗ ಅನುಮತಿ ಕಿರಿದಾಯಿತು: ಮೇಲ್ಮುಂಡು ಕೂಡದು, ಸುರಿಯಾನಿ ಕ್ರೈಸ್ತರೂ ಮಾಪಿಳ್ಳೆಯರೂ ತೊಡುವಂಥ ಕುಪ್ಪಾಯ ಆಗಬಹುದು.

ಈ ಸೂಕ್ಷ್ಮವನ್ನು ಗಮನಿಸಬೇಕು. ಎದೆ ಮುಚ್ಚಿತೇ ಇಲ್ಲವೇ ಎಂಬುದು ಜಗಳದ ವಿಷಯವಾಗಿರಲಿಲ್ಲ. ಯಾವ ಬಟ್ಟೆಯಿಂದ, ಯಾವ ರೀತಿ ಮುಚ್ಚಿತು ಎಂಬುದೇ ವಿಷಯ. ಹೊಲಿದ ಕುಪ್ಪಾಯ ತೊಟ್ಟವಳು ನಾಯರ್ ಹೆಂಗಸಿನ ಹಾಗೆ ಕಾಣುವುದಿಲ್ಲ. ಹೆಗಲ ಮೇಲೆ ಮಡಿಸಿದ ಮೇಲ್ಮುಂಡು ಹಾಕಿದವಳು ಕಾಣುತ್ತಾಳೆ. ಮಿಷನರಿಗಳ ಹೆಂಡಂದಿರು ಸಡಿಲವಾದ ಜಾಕೀಟು ಹೊಲಿಸಿ ಕೊಟ್ಟರು. ನಾಡಾರ್ ಹೆಂಗಸರು ಅದನ್ನೂ ತೊಟ್ಟರು, ಅದರ ಮೇಲೆ ಮುಂಡನ್ನೂ ಹಾಕಿಕೊಂಡರು. ಸಂತೆಯಲ್ಲಿ, ದಾರಿಯಲ್ಲಿ ಅವರ ಬಟ್ಟೆ ಹರಿದರು, ಹೊಡೆದರು, ಪ್ರಾರ್ಥನಾಮಂದಿರಗಳಿಗೂ ಶಾಲೆಗಳಿಗೂ ಬೆಂಕಿಯಿಟ್ಟರು. 1829ರ ಫೆಬ್ರವರಿಯಲ್ಲಿ ರಾಣಿ ಗೌರಿ ಪಾರ್ವತಿ ಬಾಯಿಯವರ ಆಡಳಿತದಲ್ಲಿ ಹೊರಟ ಪ್ರಕಟಣೆಯೂ ಕುಪ್ಪಾಯಕ್ಕೆ ಒಪ್ಪಿತು, ಮೇಲ್ಮುಂಡಿಗೆ ಒಪ್ಪಲಿಲ್ಲ. ಮೂವತ್ತು ವರ್ಷದ ಬಳಿಕ, 1858ರ ಕೊನೆ ಮತ್ತು 1859ರ ಆರಂಭದಲ್ಲಿ, ಗಲಭೆ ಮತ್ತೆ ಹೊತ್ತಿತು. ಮದರಾಸಿನ ಗವರ್ನರ್ ಚಾರ್ಲ್ಸ್ ಟ್ರೆವೆಲ್ಯನ್ ಅವರ ಒತ್ತಾಯ ಬಂದ ಮೇಲೆ 1859ರ ಜುಲೈ 26ರಂದು ಮಹಾರಾಜ ಉತ್ರಂ ತಿರುನಾಳ್ ಮಾರ್ತಾಂಡವರ್ಮರ ಪ್ರಕಟಣೆ ಹೊರಟಿತು. ನಾಡಾರ್ ಹೆಂಗಸರು, ಕ್ರೈಸ್ತರಾಗಲಿ ಹಿಂದೂಗಳಾಗಲಿ, ಜಾಕೀಟು ತೊಡಬಹುದು, ಬೆಸ್ತರ ಹೆಂಗಸರಂತೆ ದಪ್ಪ ಬಟ್ಟೆ ಸುತ್ತಿಕೊಳ್ಳಬಹುದು, ಆದರೆ ಮೇಲ್ಜಾತಿಯವರಂತೆ ಅಲ್ಲ. ಗೆದ್ದಾಗಲೂ ಅಳತೆ ಮೇಲಿನವರದೇ.

ಚೇರ್ತಲೆಯ ನಂಙೇಲಿಯ ಕಥೆಯನ್ನು ಇಂದು ಎಲ್ಲರೂ ಬಲ್ಲರು. ಮೊಲೆಗರ ಕೇಳಲು ಬಂದವರ ಮುಂದೆ ತನ್ನ ಸ್ತನವನ್ನೇ ಕೊಯ್ದು ಬಾಳೆಲೆಯಲ್ಲಿಟ್ಟಳೆಂಬ ಕಥೆ. ಅದು ಆ ಊರಿನವರ ಬಾಯಿಯಲ್ಲಿ ಉಳಿದು ಬಂದದ್ದು; ಆ ಹೆಸರಿನ ತೆರಿಗೆ ಬಟ್ಟೆಗೆ ಸಂಬಂಧಿಸಿದ್ದೇ ಅಥವಾ ಕೆಳಜಾತಿಯ ಹೆಂಗಸರ ಮೇಲಿನ ತಲೆಗಂದಾಯವೇ ಎಂಬ ಬಗ್ಗೆ ಚರಿತ್ರಕಾರರಲ್ಲಿ ಒಮ್ಮತವಿಲ್ಲ. ಕಥೆಯನ್ನು ಕಥೆಯೆಂದೇ ಗೌರವಿಸೋಣ. ದಾಖಲೆಯಲ್ಲಿ ಉಳಿದಿರುವುದೇ ಸಾಲದಷ್ಟು ಮೃದುವಾಗಿಲ್ಲ. 1915ರಲ್ಲಿ, ಅಂದರೆ ಆ ಪ್ರಕಟಣೆಯ ಐವತ್ತಾರು ವರ್ಷದ ನಂತರ, ಕೊಲ್ಲಂ ಹತ್ತಿರದ ಪೆರಿನಾಡಿನಲ್ಲಿ ಪುಲಯ ಹೆಂಗಸರು ಕೊರಳಿನ ಕಲ್ಲಿನ ಮಾಲೆಗಳನ್ನು ಕಿತ್ತೆಸೆದು ರವಕೆ ತೊಡುವುದಕ್ಕೆ ಅಯ್ಯಂಕಾಳಿಯವರ ನೇತೃತ್ವದ ಹೋರಾಟವೇ ಬೇಕಾಯಿತು.

ಮನೆಯೊಳಗಿನ ವಿರೋಧದ ಬಗ್ಗೆ ಒಂದು ಮಾತು. ಮುಂದೆ ತಿರುವಿದಾಂಕೂರು-ಕೊಚ್ಚಿಯ ಮುಖ್ಯಮಂತ್ರಿಯಾದ ಸಿ. ಕೇಶವನ್ ತಮ್ಮ ಆತ್ಮಕಥೆ ‘ಜೀವಿತಸಮರ’ದಲ್ಲಿ ತಮ್ಮ ಅತ್ತೆಯವರ ಪ್ರಾಯಕಾಲದ ಒಂದು ಸಂಗತಿಯನ್ನು ಬರೆದಿದ್ದಾರೆ. ನಾದಿನಿಯಿಂದ ಉಡುಗೊರೆಯಾಗಿ ಸಿಕ್ಕಿದ ರವಕೆಯನ್ನು ಆಕೆ ಸಂತೋಷದಿಂದ ತೊಟ್ಟು ತಾಯಿಗೆ ತೋರಿಸಿದಾಗ ತಾಯಿಯೇ ಗದರಿಸಿ ಹೊಡೆದರಂತೆ. ತೊಡಬೇಕೆಂಬ ಆಸೆಯಲ್ಲಿ ಆಕೆ ಅದನ್ನು ಗುಟ್ಟಾಗಿ ರಾತ್ರಿ ತೊಡುತ್ತಿದ್ದರು. ಊರಿನ ಅಳತೆ ತಾಯಂದಿರ ಕೈಯಲ್ಲೇ ಮಗಳ ಮೈಗೆ ಬರುತ್ತಿತ್ತು.

ಇದೆಲ್ಲ ತಿರುವಿದಾಂಕೂರಿನ ಮಾತು, ನಮ್ಮದಲ್ಲ ಎನ್ನುವಂತಿಲ್ಲ. ಆಗ ಕಾಸರಗೋಡು ಮದರಾಸು ಪ್ರಾಂತದ ದಕ್ಷಿಣ ಕನ್ನಡ ಜಿಲ್ಲೆಯ ಭಾಗ. 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತು, 1984ರಲ್ಲಿ ಪ್ರತ್ಯೇಕ ಜಿಲ್ಲೆಯಾಯಿತು. ಇಲ್ಲಿ ಅಂಥ ರಾಜಾಜ್ಞೆ ಇರಲಿಲ್ಲ. ರೂಢಿ ಇತ್ತು. ಕೊರಗ ಹೆಂಗಸರು ಬಟ್ಟೆಯ ಮೇಲೆಯೂ ಸೊಪ್ಪು ಕಟ್ಟಿಕೊಳ್ಳಬೇಕೆಂಬ ಕಟ್ಟಳೆಯನ್ನು 1909ರಲ್ಲಿ ಅಚ್ಚಾದ ಥರ್ಸ್ಟನ್ ಅವರ ಸಂಪುಟಗಳಲ್ಲಿ ಓದಬಹುದು. ಸೊಪ್ಪು ಕೊರಗರೆಂಬ ಹೆಸರೇ ಇತ್ತು. ಜಾತಿಯ ಮೇಲ್ತುದಿಯಲ್ಲಿ ನೋಡಿದರೆ ಬ್ರಾಹ್ಮಣ ಮನೆಗಳ ಮಡಿ ಅಜ್ಜಿಯರು. ಗಂಡ ಸತ್ತ ದಿನಗಳಲ್ಲಿ ತಲೆಗೂದಲಿನ ಜೊತೆಗೆ ರವಕೆಯೂ ಹೋಗುತ್ತಿತ್ತು. ಹತ್ತು ಹನ್ನೆರಡು ವರ್ಷದ ಹುಡುಗಿಯಾದರೂ ಸರಿ, ಮುಂದೆ ಎಪ್ಪತ್ತು ವರ್ಷ ಬದುಕಿದರೂ ಸರಿ, ಕೆಂಪು ಸೀರೆಯ ಸೆರಗೇ ಎಲ್ಲ. ಚಂದ್ರಗಿರಿಯಿಂದ ತೆಂಕಿಗೆ ನಂಬೂದಿರಿ ಮನೆಗಳ ಅಂತರ್ಜನಂಗಳು ಹೊರಗೆ ಹೊರಟರೆ ಮೈತುಂಬ ಹೊದಿಕೆ, ಓಲೆಗೊಡೆ, ಒಳಗೆ ರವಕೆಯಿಲ್ಲ. ವಿ.ಟಿ. ಭಟ್ಟತಿರಿಪ್ಪಾಡರ ‘ಅಡುಕ್ಕಳಯಿಲ್‌ನಿನ್ನು ಅರಂಙತ್ತೇಕ್ಕ್’ ನಾಟಕ 1929ರಲ್ಲಿ ರಂಗಕ್ಕೆ ಬಂದ ಕಾಲದಲ್ಲಿಯೇ ಆರ್ಯಾ ಪಳ್ಳಂ, ಪಾರ್ವತಿ ನೆನ್ಮಿನಿಮಂಗಲಂ ಮೊದಲಾದವರು ಹೊದಿಕೆಯನ್ನೂ ಕೊಡೆಯನ್ನೂ ಬಿಟ್ಟು ರವಕೆ ತೊಟ್ಟು ಸಭೆಗಳಿಗೆ ಬಂದರು. ಪುಲಯ ಹೆಂಗಸಿಗೂ ಅಂತರ್ಜನಕ್ಕೂ ಮಡಿ ಅಜ್ಜಿಗೂ ಒಂದೇ ತುಂಡು ಬಟ್ಟೆ ಮೂರು ರೀತಿಯಲ್ಲಿ ನಿಷಿದ್ಧವಾಗಿತ್ತು.

ಅದೇ ಬಟ್ಟೆ ಮಂಗಳದ್ರವ್ಯವೂ ಹೌದು. ಮುತ್ತೈದೆಗೆ ಅರಸಿನ ಕುಂಕುಮದೊಡನೆ ರವಕೆ ಕಣ ಕೊಡುತ್ತೇವೆ. ಬಡಗಣ ಕರ್ನಾಟಕದಲ್ಲಿ ಬಸುರಿಗೆ ಮಾಡುವ ಸೀಮಂತಕ್ಕೆ ಕುಬಸ ಎಂದೇ ಹೆಸರು. ಕಣವೆಂದರೆ ಗೊತ್ತಾದ ಅಳತೆಯ ತುಂಡು. ಪಡೆಯುವವಳು ತೆಳ್ಳಗಿರಲಿ ದಪ್ಪಗಿರಲಿ ತುಂಡು ಅಷ್ಟೇ. ಸಾಲದಿದ್ದರೆ ಕಂಕುಳಿಗೆ ಬೇರೆ ಬಟ್ಟೆ ಸೇರಿಸುವುದು ಅವಳ ಪಾಡು.

ಹೊಲಿಗೆಯ ಯಂತ್ರ 19ನೇ ಶತಮಾನದ ಕೊನೆಯ ದಶಕಗಳಲ್ಲಿ ಕರಾವಳಿಯ ಪೇಟೆಗಳಿಗೆ ಬಂತು. 1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನ್ನಿನ ಶಾಲೆಗಳಲ್ಲಿ ಹುಡುಗಿಯರಿಗೆ ಹೊಲಿಗೆ ಪಾಠವಾಯಿತು. ಜಂಪರು, ಪೋಲಕ, ಬ್ಲೌಸ್ ಎಂಬ ಹೆಸರುಗಳು ಒಂದರ ಹಿಂದೆ ಒಂದು ಬಂದವು. ಶಾಲೆಗೆ ಹೋದ ಹುಡುಗಿಯರು, ಟೀಚರುಗಳು, ದಾದಿಯರು ತೊಟ್ಟದ್ದು ಉಳಿದವರಿಗೂ ಮಾದರಿಯಾಯಿತು. ಊರಿಗೊಬ್ಬ ಟೈಲರು ಬಂದನು. ಇಲ್ಲಿಂದ ನಮ್ಮ ಕಥೆ ಎರಡನೆಯ ಅಳತೆಗೆ ತಿರುಗುತ್ತದೆ.

ಟೈಲರು ಗಂಡಸು. ಹೆಂಗಸಿನ ಮೈಗೆ ಟೇಪು ಹಿಡಿಯುವುದು ಅವನಿಗೂ ಮುಜುಗರ, ಅವಳಿಗೂ ಮುಜುಗರ. ಆದ್ದರಿಂದ ಹುಟ್ಟಿದ ಉಪಾಯ ‘ಅಳತೆ ರವಕೆ’. ಹಳೆಯದೊಂದು ರವಕೆಯನ್ನು ಹೊಸ ಬಟ್ಟೆಯೊಡನೆ ಕಟ್ಟಿ, ‘ಇದರಿಂದ ಅರ್ಧ ಇಂಚು ಸಡಿಲ ಇರಲಿ’ ಎಂದು ಹೇಳಿ ಕಳುಹಿಸಿದರಾಯಿತು. ಅನೇಕ ಮನೆಗಳಲ್ಲಿ ಅದನ್ನು ಕೊಂಡುಹೋಗುತ್ತಿದ್ದದ್ದೂ ಗಂಡನೋ ಮಗನೋ. ಮರ್ಯಾದೆಯ ದೃಷ್ಟಿಯಿಂದ ಇದು ಒಳ್ಳೆಯ ಏರ್ಪಾಡೇ. ಆದರೆ ಇದರ ಫಲವೇನಾಯಿತೆಂದರೆ ರವಕೆಯಿಂದ ರವಕೆಗೆ ಅಳತೆ ದಾಟಿತು, ಮೈಯನ್ನು ಯಾರೂ ಅಳೆಯಲಿಲ್ಲ. ಮೊದಲಿನದರಲ್ಲಿ ಕಂಕುಳು ಬಿಗಿದಿದ್ದರೆ ಹತ್ತನೆಯದರಲ್ಲೂ ಬಿಗಿ. ತನ್ನ ಎದೆಯ ಸುತ್ತಳತೆ ಎಷ್ಟು ಇಂಚೆಂದು ಹೇಳಬಲ್ಲ ಅಜ್ಜಿಯಂದಿರು ಅಪರೂಪ. ಹೇಳಬಲ್ಲವರಿದ್ದರೆ ಅವರು ಹೇಳುವುದು ರವಕೆಯ ನಂಬರನ್ನು.

ಬಾಡಿ ಬಂದಾಗ ಈ ರವಕೆ ನಂಬರೇ ಜೊತೆಗೆ ಬಂತು. ಮೊದಮೊದಲಿನ ಬಾಡಿಗಳು ಮನೆಯಲ್ಲಿಯೋ ಟೈಲರನಲ್ಲಿಯೋ ಹೊಲಿದ ಬಿಳಿ ಹತ್ತಿಯವು, ಮುಂದೆ ಗುಂಡಿಯೋ ಹುಕ್ಕೋ ಇದ್ದವು, ಬೇಕಾದಷ್ಟು ಬಿಗಿದು ಗಂಟು ಹಾಕುವಂಥವೂ ಇದ್ದವು. ಗಂಟು ಹಾಕುವುದಕ್ಕೆ ನಂಬರು ಬೇಡ. ಸಿದ್ಧ ಉಡುಪು ಡಬ್ಬದಲ್ಲಿ ಬಂದಾಗ ನಂಬರು ಬೇಕಾಯಿತು. ಆ ನಂಬರಿನ ಹುಟ್ಟು ಎಲ್ಲಿಯದೆಂದು ತಿಳಿಯಲು ಸ್ವಲ್ಪ ಹೊತ್ತು ಕಡಲಾಚೆಗೆ ಹೋಗಬೇಕು.

ಯುರೋಪಿನಲ್ಲಿ ಬಟ್ಟಲಿನಾಕಾರದ ಒಳ ಉಡುಪು ನಾವೆಣಿಸಿದ್ದಕ್ಕಿಂತ ಹಳೆಯದು. ಆಸ್ಟ್ರಿಯದ ಲೆಂಗ್‌ಬರ್ಗ್ ಕೋಟೆಯ ದುರಸ್ತಿಯ ವೇಳೆ 2008ರಲ್ಲಿ ಸಿಕ್ಕಿದ 15ನೇ ಶತಮಾನದ ನಾರುಬಟ್ಟೆಯ ಚೂರುಗಳಲ್ಲಿ ಇಂದಿನ ಬ್ರಾದಂತೆಯೇ ಎರಡು ಬಟ್ಟಲು ಹೊಲಿದವು ಇದ್ದವು. ನಡುವೆ ಕೆಲವು ಶತಮಾನ ಅಲ್ಲಿಯ ಹೆಂಗಸರು ತಿಮಿಂಗಿಲದ ಎಲುಬು, ಉಕ್ಕಿನ ಕಡ್ಡಿ ಸೇರಿಸಿದ ಕಾರ್ಸೆಟ್ಟಿನಲ್ಲಿ ಉಸಿರು ಬಿಗಿಹಿಡಿದರು. ಪ್ಯಾರಿಸಿನ ಎರ್ಮಿನಿ ಕದೋಲ್ 1889ರಲ್ಲಿ ಅದನ್ನು ಎರಡು ಭಾಗ ಮಾಡಿ ಮೇಲಿನ ಭಾಗ ಹೆಗಲಿನಿಂದ ತೂಗುವಂತೆ ಮಾಡಿದಳು. ಅಮೆರಿಕದ ಮೇರಿ ಫೆಲ್ಪ್ಸ್ ಜೇಕಬ್ ಎರಡು ಕರವಸ್ತ್ರ, ಒಂದಿಷ್ಟು ರಿಬ್ಬನ್ ಸೇರಿಸಿ ಮಾಡಿದ್ದಕ್ಕೆ 1914ರ ನವೆಂಬರಿನಲ್ಲಿ ಪೇಟೆಂಟ್ ದೊರೆಯಿತು. ಅದನ್ನು 1,500 ಡಾಲರಿಗೆ ವಾರ್ನರ್ ಕಂಪನಿಗೆ ಮಾರಿದಳು. ಈ ಕಥೆ ಎಲ್ಲ ಕಡೆ ಹೇಳುವುದುಂಟು. ಅಳತೆಯ ದೃಷ್ಟಿಯಿಂದ ಹೆಚ್ಚು ಮುಖ್ಯವಾದುದು ಅನಂತರದ ಎರಡು ದಶಕ. 1920ರ ದಶಕದಲ್ಲಿ ನ್ಯೂಯಾರ್ಕಿನ ಐಡಾ ರೋಸೆಂತಾಲ್, ಅವಳ ಗಂಡ ವಿಲಿಯಂ ಮತ್ತು ಎನಿಡ್ ಬಿಸೆಟ್ ಕಟ್ಟಿದ ಮೇಡನ್‌ಫಾರ್ಮ್ ಎಲ್ಲರ ಮೈಯೂ ಒಂದೇ ಅಲ್ಲ ಎಂಬ ಅರಿವನ್ನು ವ್ಯಾಪಾರಕ್ಕೆ ತಂದಿತು. 1930ರ ದಶಕದ ಆರಂಭದಲ್ಲಿ ಎಸ್.ಎಚ್. ಕ್ಯಾಂಪ್ ಕಂಪನಿ ಸ್ತನದ ಗಾತ್ರಕ್ಕೆ ಎ, ಬಿ, ಸಿ, ಡಿ ಎಂಬ ಅಕ್ಷರಗಳನ್ನು ಬಳಸಿತು. ಆ ದಶಕ ಮುಗಿಯುವ ಮೊದಲೇ ವಾರ್ನರ್ ಅದನ್ನು ಮಾರಾಟದ ಪದ್ಧತಿಯಾಗಿ ಮಾಡಿತು.

ಹೀಗೆ ಒಂದು ಸಂಖ್ಯೆ, ಒಂದು ಅಕ್ಷರ. ಸಂಖ್ಯೆ ಪಕ್ಕೆಲುಬಿನ ಸುತ್ತ ಬರುವ ಪಟ್ಟಿಗೆ, ಅಕ್ಷರ ಬಟ್ಟಲಿಗೆ. ಬಟ್ಟಲಿನ ಅಕ್ಷರಕ್ಕೆ ಸ್ವಂತ ಅಳತೆಯಿಲ್ಲ; ಪಟ್ಟಿಯ ಅಳತೆಗಿಂತ ಎದೆಯ ತುಂಬು ಎಷ್ಟು ಹೆಚ್ಚು ಎಂಬ ವ್ಯತ್ಯಾಸವೇ ಅದು. ಆದ್ದರಿಂದ ‘ಸಿ ಎಂದರೆ ದೊಡ್ಡದು’ ಎಂಬ ಅಂಗಡಿಯ ಮಾತಿಗೆ ಅರ್ಥವಿಲ್ಲ. 32ರ ಸಿ, 34ರ ಬಿ, 36ರ ಎ, ಈ ಮೂರರ ಬಟ್ಟಲಿನ ಗಾತ್ರ ಹೆಚ್ಚುಕಡಿಮೆ ಒಂದೇ.

ಇನ್ನು ಆ 34 ಎಂಬುದು ಏನು? ನಮ್ಮ ಹೆಂಗಸರಿಗೆ ತಿಳಿಯದೆ ಉಳಿದ ಗುಟ್ಟು ಇದು. ಅದು ಎದೆಯ ಪೂರ್ತಿ ಸುತ್ತಳತೆಯಲ್ಲ, ಸ್ತನದ ಕೆಳಗಿನ ಸುತ್ತಳತೆಯೂ ಅಲ್ಲ. ಹಳೆಯ ಅಮೆರಿಕನ್ ಪದ್ಧತಿಯಲ್ಲಿ ಸ್ತನದ ಕೆಳಗೆ ಟೇಪು ಹಿಡಿದು, ಬಂದ ಇಂಚಿಗೆ ನಾಲ್ಕೋ ಐದೋ ಕೂಡಿಸಿ ಸಮಸಂಖ್ಯೆ ಮಾಡುತ್ತಿದ್ದರು. ಆಗಿನ ಹತ್ತಿ, ಸ್ಯಾಟಿನ್ ಬಟ್ಟೆಗೆ ಎಳೆದರೆ ಹಿಗ್ಗುವ ಗುಣವಿರಲಿಲ್ಲ, ಉಸಿರಾಟಕ್ಕೆ ಎಡೆ ಬೇಕಿತ್ತು ಎಂಬುದು ಸಾಮಾನ್ಯವಾಗಿ ಕೊಡುವ ವಿವರಣೆ. 1958ರಲ್ಲಿ ಡ್ಯೂಪಾಂಟ್ ಕಂಪನಿಯ ಜೋಸೆಫ್ ಶಿವರ್ಸ್ ಹಿಗ್ಗುವ ನೂಲನ್ನು, ಈಗ ಲೈಕ್ರಾ ಎನ್ನುವುದನ್ನು, ಕಂಡುಹಿಡಿದ ಮೇಲೆ ಪಟ್ಟಿ ಹಿಗ್ಗತೊಡಗಿತು. ಲೆಕ್ಕ ಮಾತ್ರ ಹಳೆಯದೇ ಉಳಿಯಿತು. ಇಂದಿಗೂ ಡಬ್ಬದ ಮೇಲೆ 34ರ ಪಕ್ಕದಲ್ಲಿ 75 ಎಂದು ಅಚ್ಚಾಗಿರುವುದುಂಟು. 75 ಸೆಂಟಿಮೀಟರ್ ಎಂದರೆ ಇಪ್ಪತ್ತೊಂಬತ್ತೂವರೆ ಇಂಚು. ಅಂದರೆ 34 ಎಂಬ ಹೆಸರಿನ ಬ್ರಾ ಸುಮಾರು ಮೂವತ್ತು ಇಂಚಿನ ಪಕ್ಕೆಗೆ ಹೊಲಿದದ್ದು. ಬ್ರಿಟನ್ನಿನ ಕೆಲವು ತಯಾರಕರು ಏನನ್ನೂ ಕೂಡಿಸದೆ ಆ ಮೂವತ್ತನ್ನೇ ನಂಬರಾಗಿ ಹಾಕುತ್ತಾರೆ. ಅವರಲ್ಲಿ ಅದೇ ಹೆಂಗಸಿನ ಅಕ್ಷರ ಡಿ ದಾಟಿ ಮುಂದೆ ಹೋಗುತ್ತದೆ. ಎರಡು ಲೆಕ್ಕದಲ್ಲಿ ಯಾವುದೂ ಸುಳ್ಳಲ್ಲ. ಯಾವ ಡಬ್ಬದ ಮೇಲೆ ಯಾವ ಲೆಕ್ಕವಿದೆ ಎಂದು ನೋಡಬೇಕಷ್ಟೆ.

ಈಗ ನಮ್ಮ ಅಳತೆ ರವಕೆಯವಳನ್ನು ಅಂಗಡಿಗೆ ಕರೆದುತರೋಣ. ಅವಳ ಎದೆಯ ತುಂಬು 36 ಇಂಚು, ಸ್ತನದ ಕೆಳಗೆ 30. ರವಕೆಯ ನಂಬರು 36, ಏಕೆಂದರೆ ರವಕೆಗೆ ಲೆಕ್ಕ ಎದೆಯ ತುಂಬಿನದು. ಅವಳು 36ರ ಬ್ರಾ ಕೇಳುತ್ತಾಳೆ. ಆ ಕಾಲದ ಅಂಗಡಿಯಲ್ಲಿ ಮಾರುವವನು ಗಂಡಸು. ಬೇರೆ ಗಿರಾಕಿಗಳು ಬರುವ ಮೊದಲು ಕಾಗದದಲ್ಲಿ ಸುತ್ತಿಸಿಕೊಂಡು ಹೊರಡುವ ಅವಸರ. ತೊಟ್ಟು ನೋಡುವ ಮಾತೇ ಇಲ್ಲ. ಅಕ್ಷರವನ್ನು ಅವನೂ ಕೇಳುವುದಿಲ್ಲ, ಅವಳೂ ಹೇಳುವುದಿಲ್ಲ. ಮನೆಗೆ ಬಂದು ತೊಟ್ಟರೆ ಪಟ್ಟಿ ಸಡಿಲ, ಬೆನ್ನಿನಲ್ಲಿ ಮೇಲಕ್ಕೆ ಏರುತ್ತದೆ. ಅದನ್ನು ಸರಿಮಾಡಲು ಹೆಗಲ ಪಟ್ಟಿಯನ್ನು ಬಿಗಿಯುತ್ತಾಳೆ. ಪಕ್ಕೆ ಹೊರಬೇಕಾದ ಭಾರವನ್ನು ಹೆಗಲು ಹೊರುತ್ತದೆ. ನಮ್ಮ ಅನೇಕ ಹಿರಿಯ ಹೆಂಗಸರ ಹೆಗಲ ಮೇಲೆ ಬೆರಳು ಹೋಗುವಷ್ಟು ಆಳದ ಗೀರು ಕಾಣುವುದು ಹೀಗೆ. ಕುತ್ತಿಗೆ ನೋವು, ಹೆಗಲ ನೋವು ಎಂದು ಎಣ್ಣೆ ಹಚ್ಚಿಕೊಳ್ಳುವವರಿಗೆ ಕಾರಣ ಬೇರೆಯೂ ಇರಬಹುದು. ಇದೂ ಒಂದೆಂದು ಅವರಿಗೆ ಯಾರೂ ಹೇಳಿರುವುದಿಲ್ಲ. ಇವಳಿಗೆ ಸರಿಯಾದದ್ದು 34ರ ಬಿ. ಕೆಳಗಿನ 30ಕ್ಕೆ ನಾಲ್ಕು ಕೂಡಿಸಿ 34. ತುಂಬಿನ 36ರಲ್ಲಿ 34 ಕಳೆದರೆ ಎರಡು. ಒಂದು ಇಂಚಿಗೆ ಎ, ಎರಡಕ್ಕೆ ಬಿ, ಮೂರಕ್ಕೆ ಸಿ, ನಾಲ್ಕಕ್ಕೆ ಡಿ.

ಕೇರಳದ ಜವುಳಿ ಅಂಗಡಿಗಳಲ್ಲಿ ಈಗ ಮಾರುವವರು ಹೆಚ್ಚಾಗಿ ಹೆಂಗಸರೇ. ದಿನವಿಡೀ ನಿಂತೇ ಇರಬೇಕಾಗಿದ್ದ ಅವರಿಗೆ ಕುಳಿತುಕೊಳ್ಳುವ ಹಕ್ಕು ಸಿಕ್ಕಿದ್ದು ಕೂಡ ಹೋರಾಟದ ಬಳಿಕ, 2018ರ ಕಾನೂನು ತಿದ್ದುಪಡಿಯಿಂದ. ಬೆಂಗಳೂರು ಮೊದಲಾದ ಕಡೆಗಳ ಕಾರ್ಖಾನೆಗಳಲ್ಲಿ ಹೊಲಿಯುವವರೂ ಹೆಂಗಸರೇ. ಇಷ್ಟಾದರೂ ಅಂಗಡಿಯಲ್ಲಿ ಟೇಪು ಹೊರಗೆ ಬರುವುದು ಕಡಿಮೆ. ‘ನೋಡಿದರೆ ಗೊತ್ತಾಗುತ್ತದೆ ಅಕ್ಕ, ನಿಮಗೆ 36’ ಎಂಬ ಮಾತೇ ಹೆಚ್ಚು.

ಆದ್ದರಿಂದ ಮನೆಯಲ್ಲೇ ಅಳೆಯುವುದು ಮೇಲು. ಕನ್ನಡಿ ಇರಲಿ, ಜೊತೆಗೆ ಅಕ್ಕನೋ ತಂಗಿಯೋ ಮಗಳೋ ಇದ್ದರೆ ಇನ್ನೂ ಅನುಕೂಲ. ಬಹಳ ಹಳೆಯ ಬಟ್ಟೆಯ ಟೇಪು ಎಳೆದೆಳೆದು ಉದ್ದವಾಗಿರುತ್ತದೆ, ಒಂದು ಅಡಿಕೋಲಿಗೆ ಹಿಡಿದು ನೋಡಿಕೊಳ್ಳಿ. ದಪ್ಪ ಪ್ಯಾಡಿಲ್ಲದ, ಸರಿಯಾಗಿ ಕೂರುವ ಬ್ರಾ ತೊಟ್ಟು, ಅದು ಇಲ್ಲದಿದ್ದರೆ ಹಾಗೆಯೇ, ನೆಟ್ಟಗೆ ನಿಂತುಕೊಳ್ಳಿ. ಮೊದಲು ಸ್ತನದ ಬುಡದಲ್ಲಿ ಸುತ್ತ ಟೇಪು. ಬೆನ್ನಿನಲ್ಲಿ ಜಾರದೆ ನೆಲಕ್ಕೆ ಸಮಾನಾಂತರವಾಗಿರಲಿ, ಉಸಿರು ಹೊರಗೆ ಬಿಟ್ಟ ಹೊತ್ತಿಗೆ ಬಿಗಿಯಾಗಿ ಹಿಡಿದು ಓದಿ. ಅನಂತರ ಎದೆಯ ಅತಿ ತುಂಬಿದ ಭಾಗದಲ್ಲಿ, ಈ ಸಲ ಒತ್ತದೆ, ಸಡಿಲವಾಗಿ. ಎದೆ ಜಗ್ಗಿರುವ ಹಿರಿಯರು ಸೊಂಟದಿಂದ ಮುಂದಕ್ಕೆ ಬಾಗಿ ಇನ್ನೊಮ್ಮೆ ತುಂಬನ್ನು ಅಳೆದು ಎರಡರ ಸರಾಸರಿ ಹಿಡಿಯಬಹುದು. ಮುಟ್ಟಿನ ಮುಂಚಿನ ದಿನಗಳಲ್ಲಿ ಎದೆ ಬಿಗಿದು ಊದಿಕೊಳ್ಳುವುದುಂಟು, ಆಗ ಅಳೆದದ್ದು ಹೆಚ್ಚು ತೋರಿಸುತ್ತದೆ. ಎರಡು ಸಂಖ್ಯೆಯನ್ನೂ ಇಂಚಿನಲ್ಲಿಯೂ ಸೆಂಟಿಮೀಟರಿನಲ್ಲಿಯೂ ಚೀಟಿಯಲ್ಲಿ ಬರೆದು, ಡಬ್ಬದ ಹಿಂದಿನ ಪಟ್ಟಿಯೊಡನೆ ಹೋಲಿಸಿದರೆ ಮಾರುವವರ ಕಣ್ಣಂದಾಜಿಗೆ ಕಾಯಬೇಕಿಲ್ಲ.

ಲೆಕ್ಕ ಅರ್ಧ ಕೆಲಸ ಮಾತ್ರ. ತೊಟ್ಟ ಮೇಲೆ ತಿಳಿಯುವುದು ಉಳಿದರ್ಧ. ಹೊಸದನ್ನು ತೊಡುವಾಗ ಕೊನೆಯ, ಅಂದರೆ ಅತಿ ಸಡಿಲದ ಹುಕ್ಕಿಗೇ ಸರಿಯಾಗಬೇಕು. ಇಲಾಸ್ಟಿಕ್ ಹಿಗ್ಗಿದಂತೆ ಒಳಗಿನ ಹುಕ್ಕಿಗೆ ಹೋಗಲು ಎಡೆ ಉಳಿಯುತ್ತದೆ. ಮುಂದೆ ಬಾಗಿ, ಕಂಕುಳ ಕಡೆಗೆ ಸರಿದ ಮಾಂಸವನ್ನು ಕೈಯಿಂದ ಬಟ್ಟಲೊಳಗೆ ತಂದುಕೊಂಡು ನೋಡಿ. ಬೆನ್ನಿನ ಪಟ್ಟಿ ಮುಂದಿನ ಮಟ್ಟದಲ್ಲೇ ಇರಬೇಕು, ಅದರಡಿ ಎರಡು ಬೆರಳು ಹೋಗಬೇಕು, ಮುಷ್ಟಿ ಹೋಗಬಾರದು. ಹೆಗಲ ಪಟ್ಟಿಯನ್ನು ಕ್ಷಣ ಹೊತ್ತು ಜಾರಿಸಿದರೂ ಬ್ರಾ ತಕ್ಷಣ ಕೆಳಗಿಳಿಯಬಾರದು. ಬಟ್ಟಲಿನ ಮೇಲಂಚಿನಲ್ಲಿ ಎದೆ ಉಕ್ಕಿದರೆ ಅಕ್ಷರ ಚಿಕ್ಕದು, ಬಟ್ಟೆ ಸುಕ್ಕುಗಟ್ಟಿದರೆ ದೊಡ್ಡದು. ತಂತಿ ಇರುವಂಥದಾದರೆ ಅದು ಪಕ್ಕೆಲುಬಿನ ಮೇಲೆ ಕೂರಬೇಕೇ ಹೊರತು ಸ್ತನದ ಮೇಲಲ್ಲ. ಪಟ್ಟಿ ಬಿಗಿಯೆನಿಸಿ ಬಟ್ಟಲು ಸರಿಯಿದ್ದರೆ ಸಂಖ್ಯೆಯಲ್ಲಿ ಒಂದು ಮೆಟ್ಟಲು ಏರಿ ಅಕ್ಷರದಲ್ಲಿ ಒಂದು ಇಳಿಯಿರಿ, ಸಡಿಲವೆನಿಸಿದರೆ ಅದರ ತಿರುವು. ಎರಡು ಸ್ತನಗಳು ಸಮನಾಗಿರದಿರುವುದು ಸಹಜ, ದೊಡ್ಡದಕ್ಕೆ ಹೊಂದಿಸಿಕೊಳ್ಳಬೇಕು.

ಹೆದರಿಕೆಗಳ ವಿಷಯದಲ್ಲಿ ಒಂದನ್ನು ಇಲ್ಲಿಯೇ ತೀರಿಸಿಬಿಡಬಹುದು. ಬ್ರಾ ತೊಡುವುದರಿಂದ ಅರ್ಬುದ ರೋಗ ಬರುತ್ತದೆಂಬ ಮಾತು 1995ರಲ್ಲಿ ಅಮೆರಿಕದಲ್ಲಿ ಬಂದ ಒಂದು ಪುಸ್ತಕದ ಮೂಲಕ ಹಬ್ಬಿತು. ಸಿಯಾಟಲ್‌ನ ಫ್ರೆಡ್ ಹಚಿನ್ಸನ್ ಕೇಂದ್ರದವರು 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಅಂಥ ಯಾವ ಸಂಬಂಧವೂ ಕಾಣಲಿಲ್ಲ. ತೊಡದಿದ್ದರೆ ರೋಗ ಬರುತ್ತದೆಂಬುದೂ ಇಲ್ಲ. ಮನೆಯಲ್ಲಿ ಸೆಕೆಗೆ ಬಿಚ್ಚಿಟ್ಟವಳನ್ನು ಯಾರೂ ಗದರಬೇಕಿಲ್ಲ.

ಓಡಾಟ, ಆಟ ಇರುವ ಹುಡುಗಿಯರ ಪ್ರಶ್ನೆ ಬೇರೆ. 1977ರಲ್ಲಿ ಅಮೆರಿಕದ ಲಿಸಾ ಲಿಂಡಾಲ್, ಪಾಲಿ ಸ್ಮಿತ್, ಹಿಂಡಾ ಮಿಲ್ಲರ್ ಎಂಬ ಮೂವರು ಗಂಡಸರ ಆಟದ ಲಂಗೋಟಿ ಎರಡನ್ನು ಸೇರಿಸಿ ಹೊಲಿದು ಮೊದಲ ಆಟದ ಬ್ರಾ ಮಾಡಿದರು. ಶಾಲೆಯಲ್ಲಿ ಎಂಟನೆಯ, ಒಂಬತ್ತನೆಯ ತರಗತಿಗೆ ಬರುತ್ತಲೇ ಓಟದ ಸ್ಪರ್ಧೆಯಿಂದ ಹಿಂದೆ ಸರಿಯುವ ಹುಡುಗಿಯರನ್ನು ನೋಡಿರುವ ಟೀಚರುಗಳು, ಕಾರಣ ಕೇಳುವಾಗ ಇದನ್ನೂ ಒಮ್ಮೆ ಕೇಳಬೇಕು. ಮೊದಲ ಬ್ರಾ ಎಷ್ಟನೆಯ ವಯಸ್ಸಿಗೆ ಎಂಬುದಕ್ಕೆ ಲೆಕ್ಕವಿಲ್ಲ; ಓಡುವಾಗ ನೋವೆನಿಸಿದರೆ, ಅಂಗಿಯ ಬಟ್ಟೆ ಉಜ್ಜಿ ಉರಿದರೆ, ಅವಳೇ ಬೇಕೆಂದರೆ, ಆಗ. ಬೆಳೆಯುವ ವಯಸ್ಸಿನಲ್ಲಿ ಕೆಲವು ತಿಂಗಳಿಗೊಮ್ಮೆ ಅಳೆಯಬೇಕಾಗುತ್ತದೆ. ‘ಮುಂದೆ ಆಗುತ್ತದೆ’ ಎಂದು ಎರಡು ನಂಬರು ದೊಡ್ಡದು ತರುವುದು ಲಂಗಕ್ಕಾದರೆ ಸರಿ, ಇದಕ್ಕಲ್ಲ.

ಬಾಣಂತಿಯರ ಮೈ ವಾರದಿಂದ ವಾರಕ್ಕೆ ಬದಲಾಗುತ್ತದೆ. ಬಸುರಿನ ಕೊನೆಯಲ್ಲಿ ಪಕ್ಕೆ ಅಗಲವಾಗಿರುತ್ತದೆ, ಹೆರಿಗೆಯಾದ ಮೇಲೆ ಪಕ್ಕೆ ಇಳಿದು ಎದೆ ತುಂಬುತ್ತದೆ. ಆದ್ದರಿಂದ ಮೊದಲೇ ಆರು ತಂದಿಟ್ಟುಕೊಳ್ಳುವುದು ಹಣ ಹಾಳು. ಎದೆಯನ್ನು ಒತ್ತುವ ಬಿಗಿ ಬ್ರಾದಿಂದ ಹಾಲು ಕಟ್ಟಿಕೊಂಡು ಬಾವು ಬರುವ ಅಪಾಯವುಂಟು. ಮುಂದೆ ತೆರೆಯುವ, ತಂತಿಯಿಲ್ಲದ ಹತ್ತಿಯದು ಸಾಕು. ಶಸ್ತ್ರಚಿಕಿತ್ಸೆಯಲ್ಲಿ ಒಂದು ಸ್ತನ ಹೋದವರಿಗೆ ಒಳಗೆ ಚೀಲ ಹೊಲಿದು ಅದರಲ್ಲಿ ತೂಕದ ಮೆತ್ತೆಯಿಡುವ ಬ್ರಾಗಳಿವೆ. ಮೆತ್ತೆಗೆ ತೂಕ ಏಕೆಂದರೆ ಒಂದು ಬದಿ ಹಗುರವಾದಾಗ ಹೆಗಲು ವಾಲುತ್ತದೆ. ಗಾಯ ಮಾಗಿದ ಮೇಲೆ ಯಾವಾಗ ತೊಡಬಹುದೆಂದು ಚಿಕಿತ್ಸೆ ಮಾಡಿದವರನ್ನೇ ಕೇಳಬೇಕು. ಇಂಥ ಮೆತ್ತೆಯುಂಟೆಂದು ಗೊತ್ತಿಲ್ಲದೆ ಸೆರಗಿನಡಿ ಬಟ್ಟೆಯ ಉಂಡೆ ತುರುಕಿಕೊಂಡು ಮದುವೆಮನೆಗೆ ಬರುವ ಹೆಂಗಸರು ನಮ್ಮ ಊರುಗಳಲ್ಲಿ ಈಗಲೂ ಇದ್ದಾರೆ.

ಉಳಿದದ್ದು ಒಗೆಯುವ, ಒಣಗಿಸುವ ಮಾತು. ಬೆವರೂ ಬಿಸಿನೀರೂ ಇಲಾಸ್ಟಿಕ್ಕಿನ ಶತ್ರುಗಳು. ತಣ್ಣೀರಿನಲ್ಲಿ ಕೈಯಿಂದ ಒಗೆದು, ಹಿಂಡದೆ, ಒತ್ತಿ ನೀರು ತೆಗೆದರೆ ಬಾಳಿಕೆ ಬರುತ್ತದೆ. ಮೂರು ಇಟ್ಟುಕೊಂಡು ಸರದಿಯಲ್ಲಿ ತೊಟ್ಟರೆ ಪಟ್ಟಿಗೆ ಬಿಗಿ ಮರಳಲು ಸಮಯ ಸಿಗುತ್ತದೆ. ಆದರೆ ನಮ್ಮ ಮನೆಗಳಲ್ಲಿ ಇದನ್ನು ಒಣಗಿಸುವುದು ಟವೆಲಿನಡಿ, ಸೀರೆಯ ಮಡಿಕೆಯೊಳಗೆ, ಬಚ್ಚಲ ಬಾಗಿಲ ಹಿಂದೆ. ಆಟಿ ತಿಂಗಳ ಮಳೆಯಲ್ಲಿ ಅದು ಮೂರು ದಿನವಾದರೂ ಪೂರ್ತಿ ಆರುವುದಿಲ್ಲ. ಹಸಿ ಬ್ರಾ ತೊಟ್ಟ ಹೆಂಗಸರಿಗೆ ಸ್ತನದ ಬುಡದಲ್ಲಿ ಕೆಂಪಾಗಿ ತುರಿಕೆ ಏಳುತ್ತದೆ, ಅದು ಹೆಚ್ಚಾಗಿ ಶಿಲೀಂಧ್ರದ ಸೋಂಕು. ತುರಿಕೆಗೆ ಮುಲಾಮು ತರಲೂ ಹೇಳಿಕೊಳ್ಳಲು ಸಂಕೋಚಪಟ್ಟು ಮಳೆಗಾಲ ಪೂರ್ತಿ ಸಹಿಸುತ್ತಾರೆ. ಗಂಡಸರ ಬನಿಯನ್ನುಗಳು ಅಂಗಳದ ಹಗ್ಗದ ಮೇಲೆ ನೆರೆಮನೆಗೆ ಕಾಣುವಂತೆ ಒಣಗುತ್ತವೆ. ಅದರ ಪಕ್ಕದಲ್ಲಿ ಒಂದು ಮೊಳ ಜಾಗ ಸಾಕು. ಬಿಸಿಲು ಹೆಚ್ಚಾದರೆ ಇಲಾಸ್ಟಿಕ್ ಕೆಡುವುದರಿಂದ ಗಾಳಿಯಾಡುವ ನೆರಳಾದರೂ ಆದೀತು.